ರಂಗೋಲಿ ಎಳೆ ನಡುವೆ ತುಂಡಾಗುವುದಕ್ಕೆ

ಚಿತ್ರದುರ್ಗದಿಂದ ನೀವು ಕೇಳಿದ ರಂಗೋಲಿಯ ಎರಡೂ ತೊಂದರೆಗೆ, ಎಳೆ ತುಂಡಾಗೋದು ಮತ್ತು ಬೆಳಿಗ್ಗೆ ಒಂಬತ್ತು ಗಂಟೆಗೇ ಅಳಿಸಿಹೋಗೋದು, ಕಾರಣ ಬಹುಶಃ ನೆಲದ ತೇವವೇ. ನೀರು ಹಾಕಿದ ಕೂಡಲೇ ಬಿಟ್ಟರೆ ಪುಡಿ ನೀರು ಕುಡಿದು ಬೂದಿ ಬಣ್ಣಕ್ಕೆ ತಿರುಗುತ್ತೆ, ಬೆರಳಿಗೂ ಮೆತ್ತುತ್ತೆ. ಪೂರ್ತಿ ಒಣಗಿದ ಮೇಲೆ ಬಿಟ್ಟರೆ ನಿಮ್ಮೂರಿನ ಆಷಾಢದ ಗಾಳಿ ಬಿಡುತ್ತದೆಯೇ!

ಕಸ ಗುಡಿಸಿ, ನೀರು ಚಿಮುಕಿಸಿ, ಐದು ಹತ್ತು ನಿಮಿಷ ಕಾಯಿರಿ. ನೆಲದ ಹೊಳಪು ಹೋಗಿ ಬಣ್ಣ ಮಾತ್ರ ಗಾಢವಾಗಿದ್ದಾಗ ಚುಕ್ಕಿ ಇಡಿ. ಪುಡಿಯನ್ನು ಹಿಂದಿನ ದಿನವೇ ತಟ್ಟೆಯಲ್ಲಿ ಬಿಸಿಲಿಗಿಟ್ಟು ಟೀ ಸೋಸುವ ಜರಡಿಯಲ್ಲಿ ಸೋಸಿಡಿ. ಒಂದು ಸಣ್ಣ ಗಂಟಿದ್ದರೂ ಎಳೆ ಅಲ್ಲೇ ನಿಲ್ಲುತ್ತೆ. ಹೆಬ್ಬೆರಳು ತೋರುಬೆರಳ ನಡುವೆ ಪುಡಿ ಹಿಡಿದು, ನೆಲದಿಂದ ಎರಡು ಇಂಚು ಮೇಲೆ, ಬೆರಳಷ್ಟೇ ಅಲ್ಲ, ಇಡೀ ಮುಂಗೈ ಸಾಗಿಸಿ. ಹೊಸಬರಿಗೆ 5 ಚುಕ್ಕಿ 5 ಸಾಲು ಸಾಕು.

ನಿಮ್ಮದು ನುಣುಪಾದ ಗ್ರಾನೈಟ್ ಆದರೆ ಪುಡಿ ಬಳಸಬೇಡಿ, ಅದಕ್ಕೆ ಹಿಡಿತ ಸಿಗಲ್ಲ. ಅರ್ಧ ಲೋಟ ಅಕ್ಕಿ ಎರಡು ಗಂಟೆ ನೆನೆಸಿ ನುಣ್ಣಗೆ ರುಬ್ಬಿ, ಹಾಲಿನಷ್ಟು ತೆಳುವಾಗಿಸಿ. ಬಟ್ಟೆ ಚೂರು ಅದ್ದಿ ಹಿಂಡುತ್ತಾ ಉಂಗುರ ಬೆರಳ ತುದಿಯಿಂದ ಎಳೆಯಿರಿ. ಹಸಿಯಾಗಿದ್ದಾಗ ಅಷ್ಟಾಗಿ ಕಾಣದು, ಗಾಬರಿ ಬೇಡ. ಒಣಗುತ್ತಾ ಬಂದಂತೆ ಬಿಳಿ ಮೂಡುತ್ತೆ.

ಸೂರ್ಯ ಹುಟ್ಟುವ ಮುಂಚೆ ಮುಗಿಸಿ. ಓರೆ ಬಿಸಿಲಿಗೆ ಪ್ರತಿ ಎಳೆಯ ಪಕ್ಕ ಕೂದಲಷ್ಟು ನೆರಳು ಬೀಳುತ್ತೆ, ಆ ಚಂದ ಹತ್ತೇ ನಿಮಿಷ ಇರೋದು. ನಾಳೆ ಬೆಳಿಗ್ಗೆ ಮೊದಲು ತೇವ ಒಂದನ್ನೇ ಸರಿಮಾಡಿ ನೋಡಿ.