ತಬಲಾ ನುಡಿಸುತ್ತ ಊರೂರು ತಿರುಗುವ ಬದುಕು ಹೇಗಿರುತ್ತದೆ?

ಪುರಾಣಗಳಿಗೆ ತಬಲಾ ಸಾಥ್ ಕೊಡಲು ಹೋಗುತ್ತೇನೆಂದು ಮಗ ಹಟ ಹಿಡಿದಿದ್ದಾನೆ, ಕಳುಹಿಸಲೇ ಎಂದು ಕೇಳಿದ್ದೀರಿ. ಹದಿನೆಂಟು ವರ್ಷಗಳಿಂದ ಕಲಬುರಗಿ, ಯಾದಗಿರಿ ಸೀಮೆಯಲ್ಲಿ ನಾನು ಮಾಡುತ್ತಿರುವುದು ಅದನ್ನೇ.

ಶ್ರಾವಣ ಬಂತೆಂದರೆ ನಮ್ಮ ಕಡೆ ಮಠ, ಗುಡಿಗಳಲ್ಲಿ ತಿಂಗಳ ಪುರಾಣ ಹಚ್ಚುತ್ತಾರೆ. ಹೇಳಲು ಶಾಸ್ತ್ರಿಗಳು, ಹಾಡಲು ಗವಾಯಿಗಳು, ತಬಲಾಕ್ಕೆ ನಾನು. ಜನ ಹೊಲದಿಂದ ಬಂದು ಉಂಡ ಮೇಲೆ ರಾತ್ರಿ ಶುರುವಾಗುತ್ತದೆ. ಊಟದ ಚಿಂತೆಯಿಲ್ಲ, ದಿನಕ್ಕೊಂದು ಮನೆಯ ಬಿನ್ನಹ, ಬಿಸಿ ರೊಟ್ಟಿ, ಪುಂಡಿ ಪಲ್ಯ.

ಕಷ್ಟವೆಲ್ಲ ವಾದ್ಯದ್ದು. ಮಳೆಯ ತೇವಕ್ಕೆ ಪುಡಿ, ಅಂದರೆ ತಬಲಾದ ಮೇಲಿನ ಚರ್ಮದ ಹೊದಿಕೆ, ಸಡಿಲಾಗಿ ಸ್ವರ ಇಳಿಯುತ್ತದೆ. ಬದಿಯ ಮರದ ತುಂಡುಗಳನ್ನು, ಅಂದರೆ ಗಟ್ಟಾಗಳನ್ನು, ಸುತ್ತಿಗೆಯಿಂದ ಬಡಿದು ಬಿಗಿದು ಶ್ರುತಿಗೆ ತಂದರೆ ಒಂದು ಹಾಡು ಮುಗಿಯುವುದರೊಳಗೆ ಮತ್ತೆ ಇಳಿದಿರುತ್ತದೆ. ಗವಾಯಿಗಳೊಬ್ಬರು ಹಾರ್ಮೋನಿಯಂ ಮನೆಗಳ ಲೆಕ್ಕದಲ್ಲಿ ಕಪ್ಪು ಒಂದರ ಶ್ರುತಿಯಲ್ಲಿ ಹಾಡಿದರೆ ಇನ್ನೊಬ್ಬರು ಬಿಳಿ ನಾಲ್ಕಕ್ಕೆ ಏರುತ್ತಾರೆ. ಒಂದೇ ತಬಲಾವನ್ನು ಅಷ್ಟು ಎಳೆಯಬಾರದು, ಎರಡು ಒಯ್ಯಬೇಕು. ಬಸ್ಸಿನಲ್ಲಿ ಎಡಗೈಯಲ್ಲಿ ನುಡಿಸುವ ಡಗ್ಗಾ ಸೀಟಿನ ಕೆಳಗೆ, ಬಲಗೈಯ ತಬಲಾ ತೊಡೆಯ ಮೇಲೆ.

ಜೇವರ್ಗಿ ಕಡೆಯ ಒಂದು ಹಳ್ಳಿಯಲ್ಲಿ ನಡುರಾತ್ರಿ ಪುಡಿ ಹರಿಯಿತು. ಆಗ ನನ್ನ ಬಳಿ ಇದ್ದದ್ದು ಒಂದೇ ತಬಲಾ. ಅಳು ಬಂದಂತಾಯಿತು. ಭಜನೆಯ ಹುಡುಗನೊಬ್ಬ ಎದ್ದು ಬಂದು ದಮ್ಮಡಿ ಎಂಬ ಸಣ್ಣ ಚರ್ಮವಾದ್ಯ ಹಿಡಿದು ಪಕ್ಕದಲ್ಲಿ ಕುಳಿತ. ಅವನ ದಮ್ಮಡಿ, ನನ್ನ ಡಗ್ಗಾ. ಕೇರವಾ ತಾಳದ ಎಂಟು ಮಾತ್ರೆಗಳನ್ನು ಇಬ್ಬರೂ ಹಂಚಿಕೊಂಡು ಮಂಗಳದವರೆಗೆ ನಡೆಸಿದೆವು. ಮರುದಿನ ಊರವರೇ ಬೈಕಿನಲ್ಲಿ ಕಲಬುರಗಿಗೆ ಕರೆದೊಯ್ದು ಪುಡಿ ಹಾಕಿಸಿಕೊಟ್ಟರು. ಆ ಊರಿನ ಋಣ ನನ್ನ ಮೇಲಿದೆ.

ಸಂಭಾವನೆಯನ್ನು ಮೊದಲೇ ಮಾತಾಡಿಕೊಳ್ಳಲು ಮಗನಿಗೆ ಹೇಳಿ. ಶ್ರಾವಣ ಮತ್ತು ಜಾತ್ರೆಗಳ ಕಾಲದಲ್ಲಿ ಕೈತುಂಬ ಕೆಲಸ, ಉಳಿದ ತಿಂಗಳು ನಾನು ಮಕ್ಕಳಿಗೆ ಪಾಠ ಹೇಳುತ್ತೇನೆ. ಅದಿಲ್ಲದೆ ಮನೆ ನಡೆಯದು.

ಇನ್ನೊಂದು ಮಾತು. ಪಂಚಮಿಗೆ ತಂಗಿ ತವರಿಗೆ ಬರುತ್ತಾಳೆ, ನಾನು ಯಾವುದೋ ಊರಿನ ಗುಡಿಯಲ್ಲಿರುತ್ತೇನೆ. ನನ್ನ ಪಾಲಿನ ಉಂಡಿಗಳನ್ನು ಡಬ್ಬಿಯಲ್ಲಿಟ್ಟು ಹೋಗಿರುತ್ತಾಳೆ. ತಿಂಗಳು ಕಳೆದು ನಾನು ಮನೆಗೆ ಹೋದಾಗ ಅವು ಗಟ್ಟಿಯಾಗಿರುತ್ತವೆ, ತಿನ್ನುತ್ತೇನೆ. ಇದನ್ನು ಮಗನಿಗೂ ಹೇಳಿ. ಆಮೇಲೂ ಹೋಗುತ್ತೇನೆಂದರೆ ತಡೆಯಬೇಡಿ. ಮುಂದಿನ ಶ್ರಾವಣಕ್ಕೆ ಒಂದು ವಾರ ನನ್ನ ಜೊತೆ ಕಳುಹಿಸಿ.