ಬಡವರ ಫೋಟೋ ತೆಗೆದು ಏನ್ಮಾಡ್ತೀರಿ?

ಪ್ರಿಯ ಓದುಗರೆ,

ಸಾಕ್ಷ್ಯಚಿತ್ರ ನಿರ್ದೇಶಕ ಆನಂದ್ ಪಟವರ್ಧನ್ ಬಗ್ಗೆ ಕಳೆದ ಸಂಚಿಕೆಯಲ್ಲಿ ಬಂದ ಲೇಖನ ಓದಿ ನೀವು ಬರೆದ ಪತ್ರ ಕೈಸೇರಿತು. ಚಿಕ್ಕದು, ಆದರೆ ಖಾರ ಜಾಸ್ತಿ. ‘ಬಡವರ ಕಷ್ಟಕ್ಕೆ ಕ್ಯಾಮೆರಾ ಹಿಡಿದು ಪ್ರಶಸ್ತಿ ತಗೊಳ್ಳೋದು ಸಮಾಜಸೇವೆಯಾ? ಥಿಯೇಟರಿಗೆ ಬರದ, ಟಿವಿಯಲ್ಲೂ ಕಾಣದ ಸಿನಿಮಾ ಯಾರಿಗಾಗಿ?’ ಎಂದು ಕೇಳಿದ್ದೀರಿ. ಕೊನೆಯಲ್ಲಿ, ‘ಆದರೂ ನೋಡೋದಾದ್ರೆ ಯಾವುದರಿಂದ ಶುರು ಮಾಡಲಿ?’ ಅಂತಲೂ ಇದೆ. ಆ ‘ಆದರೂ’ ನನಗೆ ಇಷ್ಟವಾಯಿತು.

ನಿಮ್ಮ ಮೊದಲ ಪ್ರಶ್ನೆಯನ್ನು ಪಟವರ್ಧನ್ ಅವರಿಗೆ ಮುಂಬೈನ ಒಬ್ಬ ಹೆಂಗಸು ಆಗಲೇ ಕೇಳಿಬಿಟ್ಟಿದ್ದಾಳೆ. ಜೋಪಡಿಗಳನ್ನು ಕೆಡವುವುದರ ಬಗ್ಗೆ ಅವರು 1985ರಲ್ಲಿ ಮಾಡಿದ ‘ಹಮಾರಾ ಶಹರ್’ ಚಿತ್ರದಲ್ಲಿ ಅದಿದೆ. ಬಡವರ ಫೋಟೋ ತೆಗೆದು ಹೆಸರು ಮಾಡ್ಕೊಳ್ತೀರಿ, ನಮಗೇನು ಮಾಡ್ತೀರಿ ಅಂತ ಆಕೆ ಕ್ಯಾಮೆರಾಕ್ಕೇ ಬೈಯುತ್ತಾಳೆ. ಅಷ್ಟನ್ನು ಕತ್ತರಿಸಿ ಬಿಸಾಡೋದು ಎಡಿಟಿಂಗ್ ಟೇಬಲ್ ಮೇಲೆ ಎಷ್ಟು ಹೊತ್ತಿನ ಕೆಲಸ? ಅವರು ಬಿಸಾಡಲಿಲ್ಲ. ನೋಡುತ್ತಾ ಕೂತ ನನಗೆ ಬೈಗುಳ ನನಗೇ ಬಿದ್ದ ಹಾಗಾಯಿತು.

ಅದೇ ಚಿತ್ರದಲ್ಲಿ ವಿಲಾಸ್ ಘೋಗ್ರೆ ಎಂಬ ದಲಿತ ಕವಿಯ ಹಾಡಿದೆ. 1997ರ ಜುಲೈಯಲ್ಲಿ ಮುಂಬೈ ಘಾಟ್ಕೋಪರದ ದಲಿತರ ಬಡಾವಣೆ ರಮಾಬಾಯಿ ನಗರದಲ್ಲಿ ಯಾರೋ ಅಂಬೇಡ್ಕರ್ ಪ್ರತಿಮೆಗೆ ಚಪ್ಪಲಿ ಹಾರ ಹಾಕಿದರು. ಬೀದಿಗಿಳಿದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು. 10 ಜನ ಸತ್ತರು. ಕೆಲವೇ ದಿನಗಳಲ್ಲಿ ಘೋಗ್ರೆ ನೇಣು ಹಾಕಿಕೊಂಡರು. ತನ್ನ ಚಿತ್ರಕ್ಕೆ ಹಾಡಿದವನು ಹೀಗೇಕೆ ಹೋದ ಅಂತ ಕೇಳುತ್ತಾ ಹೊರಟ ಪಟವರ್ಧನ್, ‘ಜೈ ಭೀಮ್ ಕಾಮ್ರೇಡ್’ ಮುಗಿಸಿದ್ದು 2011ರಲ್ಲಿ. 14 ವರ್ಷ! ಅಷ್ಟು ದಿನ ಘೋಗ್ರೆಯಂಥ ಹಾಡುಗಾರರ, ಅವರ ದಲಿತ ಕೇರಿಗಳ ಬೆನ್ನು ಬಿಡಲಿಲ್ಲ. ಮುಗಿದ ಮೇಲೆ ಆ ಕೇರಿಗಳಲ್ಲೇ ತೆರೆ ಕಟ್ಟಿ ತೋರಿಸಿದರು. ಬರೀ ಹೆಸರು ಬೇಕಾದವರು ಇಷ್ಟು ಕಾಯ್ತಾರಾ?

ಇನ್ನು ಟಿವಿ ವಿಷಯ. ಅಲ್ಲಿ ತಪ್ಪು ಅವರದಲ್ಲ. ಅಯೋಧ್ಯೆ ವಿವಾದದ ಬಗ್ಗೆ ಮಾಡಿದ ‘ರಾಮ್ ಕೆ ನಾಮ್’ (1992) ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು, ಆದರೆ ದೂರದರ್ಶನ ಹಾಕಲು ಒಪ್ಪಲಿಲ್ಲ. ಒಂದು ಕೈಯಲ್ಲಿ ಹಾರ, ಇನ್ನೊಂದು ಕೈಯಲ್ಲಿ ಬೀಗ. ಹೈಕೋರ್ಟ್ ಹೇಳಿದ ಮೇಲಷ್ಟೇ ಪ್ರಸಾರವಾಯಿತು. 1995ರ ಇನ್ನೊಂದು ಚಿತ್ರದ ಜಗಳ ಸುಪ್ರೀಂ ಕೋರ್ಟ್‌ನಲ್ಲಿ ತೀರಿದ್ದು 2006ರಲ್ಲಿ. ಅಣುಬಾಂಬಿನ ವಿರುದ್ಧ ಮಾಡಿದ ‘ವಾರ್ ಅಂಡ್ ಪೀಸ್’ಗೆ ಸೆನ್ಸಾರ್ ಮಂಡಳಿ ಕತ್ತರಿ ಹಾಕಲು ಹೊರಟಾಗಲೂ ಕೋರ್ಟೇ ಗತಿ. ಒಂದೂ ಕಟ್ ಇಲ್ಲದೆ ಗೆದ್ದರು. (ನನ್ನ ಕೇಳಿದರೆ ಆ ಚಿತ್ರ ಸ್ವಲ್ಪ ಉದ್ದವೇ. ಆದರೆ ಅದನ್ನು ಕತ್ತರಿಸುವ ಕೆಲಸ ಸರ್ಕಾರದ್ದಲ್ಲ, ಅಲ್ವಾ?) ಹೀಗೆ ಅವರಿಗೆ ಸಿನಿಮಾ ಮಾಡೋದು ಅರ್ಧ ಕೆಲಸ. ಜನರ ಮುಂದೆ ತರೋದು ಉಳಿದರ್ಧ. ಜಯಪ್ರಕಾಶ್ ನಾರಾಯಣ್ (ಜೆಪಿ) ಚಳವಳಿಯ ಬಗ್ಗೆ ಮಾಡಿದ ಮೊದಲ ಚಿತ್ರವನ್ನಂತೂ ತುರ್ತುಪರಿಸ್ಥಿತಿಯಲ್ಲಿ ತುಂಡು ತುಂಡು ಮಾಡಿ ಕದ್ದು ಹೊರದೇಶಕ್ಕೆ ಸಾಗಿಸಬೇಕಾಯಿತು.

ಯಾವುದರಿಂದ ಶುರು ಮಾಡೋದು ಅಂದಿರಿ. ‘ಹಮಾರಾ ಶಹರ್’ ಮೊದಲು ನೋಡಿ. ಮಾರನೇ ದಿನವೇ ‘ಜೈ ಭೀಮ್ ಕಾಮ್ರೇಡ್’ ಹಾಕಿ. ನಡುವೆ ಬೇರೆ ಸಿನಿಮಾ ಬೇಡ. ಘೋಗ್ರೆಯ ದನಿ ಇನ್ನೂ ಕಿವಿಯಲ್ಲಿರಬೇಕು.

– ಸಂಪಾದಕ