ಓದುಗರ ಪ್ರಶ್ನೆ, ಮಾಜಿ ಸಾರ್ಜೆಂಟ್ ಉತ್ತರ

ಪ್ರಶ್ನೆ: ಭಾರತೀಯ ವಾಯುಪಡೆಯ ಧ್ಯೇಯವಾಕ್ಯ ಗೀತೆಯಲ್ಲಿ ಕೃಷ್ಣ ಹೇಳಿದ್ದು ಅಲ್ವಾ? ಮಗಳ ಕ್ವಿಜ್‌ನಿಂದ ಮನೆಯಲ್ಲಿ ವಾದ ಶುರುವಾಗಿದೆ. ಬ್ಯಾಡ್ಜಿನಲ್ಲಿರುವುದು ಗರುಡನಾ?
– ಓದುಗರೊಬ್ಬರು, ಮಲ್ಪೆ

ಉತ್ತರ: ಗೀತೆಯದ್ದು ಹೌದು, ಕೃಷ್ಣ ಹೇಳಿದ್ದಲ್ಲ. ಉಡುಪಿಯವರು ಇದರಲ್ಲಿ ಎಡವಬಾರದಪ್ಪ! 'ನಭಃ ಸ್ಪೃಶಂ ದೀಪ್ತಂ' ಎಂಬುದು 11ನೇ ಅಧ್ಯಾಯದ 24ನೇ ಶ್ಲೋಕದ ಮೊದಲ ಮಾತು. ಆಕಾಶ ಮುಟ್ಟುವ, ಹೊಳೆಯುವ ರೂಪ ಎಂದರ್ಥ. ವಿಶ್ವರೂಪ ನೋಡಿದ ಅರ್ಜುನ ಹೇಳುವುದು. ಅದೇ ಶ್ಲೋಕದ ಕೊನೆಯಲ್ಲಿ ಅವನು 'ನನಗೆ ಧೈರ್ಯವೂ ಇಲ್ಲ, ನೆಮ್ಮದಿಯೂ ಇಲ್ಲ' ಎನ್ನುತ್ತಾನೆ. ಹೆದರಿ ನಡುಗುತ್ತಿದ್ದವನ ಮಾತನ್ನೇ ನಾವು ಎದೆಯುಬ್ಬಿಸಿ ಹೇಳುತ್ತಿದ್ದೆವು. ಬ್ಯಾರಕ್ಕಿನಲ್ಲಿ ಇದನ್ನು ಹೇಳಿದರೆ ಯಾರೂ ನಂಬುತ್ತಿರಲಿಲ್ಲ.

ಬ್ಯಾಡ್ಜಿನಲ್ಲಿರುವುದು ರೆಕ್ಕೆ ಬಿಚ್ಚಿದ ಹಿಮಾಲಯದ ಹದ್ದು. ಮೇಲೆ ಅಶೋಕ ಸಿಂಹ. ನನ್ನ ಹಳೆಯ ಹಿತ್ತಾಳೆ ಬ್ಯಾಡ್ಜ್ ಇನ್ನೂ ಕಪಾಟಿನಲ್ಲಿದೆ. ನಮ್ಮ ಕಡಲ ಗಾಳಿಗೆ ಒಂದು ಮಳೆಗಾಲ ಕಳೆಯುವಷ್ಟರಲ್ಲಿ ಹದ್ದಿನ ರೆಕ್ಕೆ ಸಂದಿಗೆಲ್ಲ ಕಿಲುಬು. ಸರ್ವಿಸಿನಲ್ಲಿ ಬ್ರಾಸೋ ಹಾಕಿ ಉಜ್ಜುತ್ತಿದ್ದೆ, ಈಗ ದೀಪದ ಕಂಬ ತೊಳೆಯುವಾಗ ಹೆಂಡತಿಯೇ ಅದೇ ಹುಣಸೆಹುಳಿಯಲ್ಲಿ ಇದನ್ನೂ ತಿಕ್ಕಿಬಿಡುತ್ತಾಳೆ. ಜಾಸ್ತಿ ಹೊಳೆಯುತ್ತದೆ.

ಮಗಳಿಗೆ ಇನ್ನೊಂದು ಹೇಳಿ: ವಾಯುಪಡೆ ಶುರುವಾದದ್ದು 1932ರ ಅಕ್ಟೋಬರ್ 8ರಂದು. 2023ರಲ್ಲಿ ಅದೇ ದಿನ ಪ್ರಯಾಗರಾಜ್‌ನಲ್ಲಿ ಹೊಸ ಧ್ವಜ ಬಿಡುಗಡೆಯಾಯಿತು. ಅದರ ಬಲ ಮೇಲ್ಮೂಲೆಯಲ್ಲಿ ಇದೇ ಹದ್ದು ಕೂತಿದೆ.